ನೀಲಗಂಗಮ್ಮ ಕೇಳಿದ ಕಾವಲು

ನೀಲಗಂಗಮ್ಮನ ಟೈಲರ್ ಅಂಗಡಿಯ ಜಾಗದ ಮೇಲೆ ಪುರಸಭೆ ಅಧ್ಯಕ್ಷ ಕಾಂತರಾಜಪ್ಪನ ಕಣ್ಣು ಬಿದ್ದಿತ್ತು. ದಿನಾ ಬಂದು, "ಖಾಲಿ ಮಾಡ್ತೀಯೋ, ಕೈಕಾಲು ಮುರಿಸಲೋ?" ಎನ್ನುತ್ತಿದ್ದ. ಠಾಣೆಯವರು ದೂರು ತೆಗೆದುಕೊಳ್ಳಲಿಲ್ಲ. ಅವಳು ಪೊಲೀಸ್ ರಕ್ಷಣೆ ಕೇಳಿ ಕೋರ್ಟಿಗೆ ಹೋದಳು.

"ಕೊಡಲು ಒಬ್ಬ ಪೇದೆಯೂ ಇಲ್ಲ ಸ್ವಾಮಿ," ಎಂದರು ಸರ್ಕಾರಿ ವಕೀಲರು.

ನೀಲಗಂಗಮ್ಮ ಕೈಮುಗಿದಳು. "ಹೊಸಬರು ಬೇಡ ಸ್ವಾಮಿ. ಅಧ್ಯಕ್ಷರ ಹಿಂದೆ ಬಂದೂಕು ಹಿಡಿದು ನಿಂತಿದ್ದಾರಲ್ಲ, ಆ ಪೊಲೀಸಪ್ಪ ಸಾಕು. ಇವರು ನನ್ನನ್ನು ಬೈಯಲು ಬಂದಾಗಲೆಲ್ಲ ಅವರೂ ಕಾವಲಿಗೆ ಬರುತ್ತಾರೆ. ಇವರು ವಾಪಸು ಹೋಗುವಾಗ ಅವರನ್ನು ಅಲ್ಲೇ ಬಿಟ್ಟುಹೋಗಲಿ."

ನ್ಯಾಯಾಧೀಶರು ಹೇಳಿದರು: "ಆ ಪೇದೆ ಇನ್ನು ಈ ತಾಯಿಯ ಅಂಗಡಿಗೆ."

ಕಾಂತರಾಜಪ್ಪ ಹೌಹಾರಿದ. "ಸ್ವಾಮಿ, ನನ್ನ ಜೀವಕ್ಕೆ ಅಪಾಯವಿದೆ!"

"ಯಾರಿಂದ?"

ಪೇದೆ ಸದ್ದಿಲ್ಲದೆ ನಡೆದು ಬಂದು ನೀಲಗಂಗಮ್ಮನ ಪಕ್ಕದಲ್ಲಿ ನಿಂತ.