ಇಳಿಗಲ್ಲು

ಹಿರೇಮೊರಡಿ ದಾಟಿ ಪೂರ್ವಕ್ಕೆ ಒಂದು ಮೈಲಿ ಹೋದರೆ ಎರೆಹೊಲಗಳ ನಡುವೆ ಒಂದು ಬೋಳು ಗುಡ್ಡ ಸಿಗುತ್ತದೆ. ಗುಡ್ಡ ಎನ್ನುವುದು ಔದಾರ್ಯದ ಮಾತು. ಒಂದು ಬೀಡಿ ಮುಗಿಯುವುದರೊಳಗೆ ಹತ್ತಿ ಇಳಿಯಬಹುದು. ನೆತ್ತಿಯ ಮೇಲೆ ಒಂದು ವೀರಗಲ್ಲಿದೆ. ಅದರ ಕೆಳಗಿನ ಪಟ್ಟಿಕೆಯಲ್ಲಿ ಒಬ್ಬ ಸವಾರ ಈಟಿ ಎತ್ತಿ ಕುದುರೆ ಹಾರಿಸುತ್ತಿದ್ದಾನೆ, ನಡುವಿನದರಲ್ಲಿ ಅಪ್ಸರೆಯರು ಅವನನ್ನು ಎತ್ತಿಕೊಂಡು ಹೋಗುತ್ತಿದ್ದಾರೆ, ಮೇಲಿನದರಲ್ಲಿ ಅವನು ಶಿವಲಿಂಗದ ಮುಂದೆ ಆರಾಮವಾಗಿ ಕುಳಿತಿದ್ದಾನೆ. ಗುಡ್ಡದ ಬುಡದಲ್ಲಿ ಎರಡು ಹೆಬ್ಬಂಡೆಗಳ ನಡುವೆ ಬಂಡಿ ಹಾಯುವಷ್ಟು ಸಂದು ಇದೆ. ಊರಿನವರು ಅದನ್ನು ಬಾಗಿಲು ಎನ್ನುತ್ತಾರೆ. ಬಾಗಿಲಿನಿಂದ ಸರಿಯಾಗಿ ನೂರು ಹೆಜ್ಜೆ ದೂರದಲ್ಲಿ ಮೊಣಕಾಲೆತ್ತರದ ಒಂದು ಕಲ್ಲು. ವರ್ಷಕ್ಕೊಮ್ಮೆ ಯಾರಾದರೂ ಅದಕ್ಕೆ ಸುಣ್ಣ ಬಳಿಯುತ್ತಾರೆ. ಅದೇ ಇಳಿಗಲ್ಲು; ಗುಡ್ಡಕ್ಕೂ ಅದರದೇ ಹೆಸರು. ಏನನ್ನೇ ಏರಿ ಬಂದವರೂ ಅಲ್ಲಿ ಇಳಿದು ಬಾಗಿಲವರೆಗೆ ನಡೆಯಬೇಕು. ಮದುಮಗ ಕುದುರೆಯಿಂದ ಇಳಿಯುತ್ತಾನೆ, ಬಂಡಿಯವನು ಬಂಡಿಯಿಂದ, ಮೋಟರ್ ಸೈಕಲ್ಲಿನವನು ಯಂತ್ರ ಆರಿಸಿ ತಳ್ಳಿಕೊಂಡು ಹೋಗುತ್ತಾನೆ. ಇಳಿಯಲು ಹಿಂದೆಮುಂದೆ ನೋಡುವ ಪೇಟೆಯವರಿಗೆ ಹೊಲದ ಹೆಂಗಸರು, "ಇಳೀರಿ, ಕಾಲೇನು ಸವೆದು ಹೋಗಂಗಿಲ್ಲ," ಎಂದು ಕಳೆ ಕೀಳುತ್ತಲೇ ಹೇಳುತ್ತಾರೆ. ಯಾರೋ ನೆಟ್ಟ ತಗಡಿನ ಫಲಕದ ಪ್ರಕಾರ ಇದು ವೀರ ಗೋವರಸನಿಗೆ ಸಲ್ಲಿಸುವ ಗೌರವ. ಫಲಕ ಬರೆದವರು ಊರಿನವರನ್ನು ಕೇಳಿದಂತಿಲ್ಲ.

ಹಿಂದೆ ಒಮ್ಮೆ ಈ ಸೀಮೆಯನ್ನು ಒಬ್ಬ ನಾಡರಸ ಆಳುತ್ತಿದ್ದ. ವೀರಗಲ್ಲಿನಲ್ಲಿ ಅವನ ಹೆಸರಿದ್ದ ಸಾಲು ಉದುರಿ ಹೋಗಿದೆ; ಊರಿಗೆ ಅದರಿಂದ ನಷ್ಟವಾಗಿಲ್ಲ. ಅವನ ಬಳಿ ಇನ್ನೂರು ರಾವುತರು, ಅಂದರೆ ಕುದುರೆ ಸವಾರರು, ಮತ್ತು ಸಾವಿರ ಕಾಲಾಳುಗಳು ಇದ್ದರು ಎನ್ನುತ್ತಾರೆ. ಕುದುರೆಗಳು ಕಡಲಾಚೆಯಿಂದ ಹಡಗಿನಲ್ಲಿ ಬಂದವು, ಬೇಯಿಸಿದ ಹುರುಳಿ ತಿನ್ನುತ್ತಿದ್ದವು. ಕಾಲಾಳುಗಳು ಪಕ್ಕದ ಹಳ್ಳಿಗಳಿಂದ ಬಂದವರು, ನವಣೆಯ ಗಂಜಿ ಕುಡಿಯುತ್ತಿದ್ದರು. ಕುದುರೆ ಸತ್ತರೆ ಅರಸನಿಗೆ ಊಟ ಸೇರುತ್ತಿರಲಿಲ್ಲ. ಕಾಲಾಳು ಸತ್ತರೆ ಊಟದ ಮನೆಯವರೆಗೆ ಸುದ್ದಿಯೇ ಹೋಗುತ್ತಿರಲಿಲ್ಲ. ಆದರೆ ಕಾದಾಟದ ದಿನ ರಾವುತರಿಗೆ ಕಾಲಾಳುಗಳಿಲ್ಲದೆ ಗತಿಯಿರಲಿಲ್ಲ. ಕಾಲಾಳುಗಳು ಈಟಿಗಳನ್ನು ಹೊರಮುಖವಾಗಿ ಹಿಡಿದು ನಾಲ್ಕು ಕಡೆಗೂ ಗೋಡೆಯ ಹಾಗೆ ನಿಲ್ಲುತ್ತಿದ್ದರು. ಒಳಗೆ ನೀರು, ಗಾಯಾಳುಗಳು, ಬದಲಿ ಕುದುರೆಗಳು. ಗೋಡೆಯಲ್ಲಿ ಒಂದು ಕಡೆ ಸಂದು ಬಿಡುತ್ತಿದ್ದರು, ಅದನ್ನೇ ಬಾಗಿಲು ಎನ್ನುತ್ತಿದ್ದರು; ರಾವುತರು ಅಲ್ಲಿಂದ ಹೊರಟು ಕಾದಾಡಿ, ದಣಿದಾಗ ಅಲ್ಲಿಂದಲೇ ಒಳಗೆ ಬಂದು ಕುದುರೆಗೆ ನೀರು ಕುಡಿಸಿ ಮತ್ತೆ ಹೊರಡುತ್ತಿದ್ದರು. ಅದೇ ಕಾಲದ ಸುಮಾರಿಗೆ, ಬಹು ದೂರದ ಬೈಜಾಂಟಿಯಮ್ ದೊರೆಗಳ ಪಡೆಗಳೂ ಹೀಗೆಯೇ ಚೌಕವಾಗಿ ನಿಂತು ಕುದುರೆಗಳಿಗೆ ಸಂದು ಬಿಡುತ್ತಿದ್ದವೆಂದು ಇತಿಹಾಸದ ಪುಸ್ತಕಗಳಲ್ಲಿದೆ. ಯಾರೂ ಯಾರಿಂದಲೂ ಕಲಿತಿರಬೇಕಿಲ್ಲ. ಕುದುರೆಯ ಎದುರು ಕಾಲ ಮೇಲೆ ನಿಂತವನಿಗೆ ಹೊಳೆಯುವ ಉಪಾಯಗಳು ಕಡಿಮೆ.

ಬಾಗಿಲು ಕಾಯುತ್ತಿದ್ದವನ ಹೆಸರು ಮಾಚ. ನಲವತ್ತು ದಾಟಿದವನು, ಬೊಕ್ಕತಲೆಯವನು, ಎಡಗಾಲು ಎಳೆಯುತ್ತಿದ್ದವನು. ಕಾಲು ಹೋದದ್ದು ಹಿಂದಿನ ವರ್ಷ, ಹೊಳೆದಂಡೆಯ ಕಾಳಗದಲ್ಲಿ, ಅದೂ ನಮ್ಮವರದೇ ಕುದುರೆಯ ಗೊರಸಿನಡಿ. ಬೆನ್ನಟ್ಟಿಸಿಕೊಂಡು ಬಂದ ರಾವುತರು ಓಟದಲ್ಲೇ ಬಾಗಿಲಿಗೆ ನುಗ್ಗಿದ್ದರು. ಅವರ ಬಾಲ ಹಿಡಿದ ಹಾಗೆ ವೈರಿಗಳೂ ಒಳಗೆ ಬಂದಿದ್ದರು. ಅರವತ್ತು ಕಾಲಾಳುಗಳು ಸತ್ತರು. ಈ ವರ್ಷ ಹೊಳೆಯಾಚೆಯ ಅರಸ ಮತ್ತೆ ಏರಿ ಬಂದು, ಪಡೆ ಈ ಗುಡ್ಡದ ಬುಡದಲ್ಲಿ, ಎರಡು ಹೆಬ್ಬಂಡೆಗಳ ಸಂದನ್ನೇ ಬಾಗಿಲು ಮಾಡಿಕೊಂಡು ಬೀಡು ಬಿಟ್ಟಾಗ, ಮಾಚ ನೇರವಾಗಿ ರಾವುತರ ನಾಯಕ ಗೋವರಸನ ಡೇರೆಗೆ ಹೋದ. ಗೋವರಸ ಅರಸನ ಮೈದುನ. ಎಲೆಯಡಿಕೆ ಮೆಲ್ಲುತ್ತ ಕುಳಿತಿದ್ದ.

"ಒಡೆಯ, ಬಾಗಿಲಿಗೆ ಒಂದು ಕಟ್ಟಳೆ ಬೇಕು," ಎಂದ ಮಾಚ.

"ಬಾಗಿಲು ನಿನ್ನದು. ಕಟ್ಟಳೆ ನೀನೇ ಮಾಡಿಕೋ."

"ನಾನು ಮಾಡಿದರೆ ರಾವುತರು ಕೇಳುವುದಿಲ್ಲ. ನೀವು ಮಾಡಿದರೆ ಬೆನ್ನಟ್ಟಿಸಿಕೊಂಡು ಬರುವಾಗಲೂ ನೆನಪಿದ್ದೀತು."

"ಗೋವರಸನ ರಾವುತರನ್ನು ಬೆನ್ನಟ್ಟುವವರು ಇನ್ನೂ ಹುಟ್ಟಿಲ್ಲ ಮಾಚ."

"ಹೋದ ವರ್ಷ ಹುಟ್ಟಿದ್ದರು ಒಡೆಯ."

ಸುತ್ತ ಇದ್ದವರು ಮೀಸೆಯ ಮೇಲೆ ಕೈಯಿಟ್ಟು ನಗು ಮುಚ್ಚಿಕೊಂಡರು. ಗೋವರಸ ಎದ್ದು ಹೊರಗೆ ಬಂದು, ನೂರು ಹೆಜ್ಜೆ ಆಚೆ ನಿಂತಿದ್ದ ಒಂದು ಎಲ್ಲೆಗಲ್ಲನ್ನು ತೋರಿಸಿ ಅದಕ್ಕೆ ಸುಣ್ಣ ಬಳಿಸಿದ. ಮರಳಿ ಬರುವ ರಾವುತ ಆ ಕಲ್ಲಿನ ಬಳಿ ಇಳಿಯಬೇಕು, ಕಡಿವಾಣ ಹಿಡಿದು ನಡೆದು ಬರಬೇಕು. ಇಳಿಯುವಷ್ಟು ಬಿಡುವಿದ್ದವನ ಹಿಂದೆ ವೈರಿಯಿಲ್ಲ ಎಂದರ್ಥ. ಬಿಡುವಿಲ್ಲದವನು ವೈರಿಯನ್ನು ಕಟ್ಟಿಕೊಂಡೇ ಬರುತ್ತಾನೆ. "ಇಳಿದು ಬಂದವನಿಗೆ ಬಾಗಿಲು, ಏರಿ ಬಂದವನಿಗೆ ಈಟಿ," ಎಂದು ಗೋವರಸ ಎಲ್ಲರಿಗೂ ಕೇಳುವಂತೆ ಹೇಳಿದ. "ನಾನೇ ಬಂದರೂ ಅಷ್ಟೇ." ಈ ಕೊನೆಯ ಮಾತು ಪಡೆಗೆಲ್ಲ ತುಂಬ ಹಿಡಿಸಿತು. ದೊಡ್ಡವರು ತಮ್ಮನ್ನೂ ಸೇರಿಸಿಕೊಂಡು ಮಾಡುವ ಕಟ್ಟಳೆಗಳನ್ನು ಜನ ಬಹಳ ಮೆಚ್ಚುತ್ತಾರೆ, ಅವು ಬಳಕೆಗೆ ಬರುವವರೆಗೆ.

ಮಾಚನಿಗೆ ಒಬ್ಬ ತಮ್ಮನಿದ್ದ, ಸೋವ. ತಾಯಿ ಬೇಗ ಹೋದದ್ದರಿಂದ ಮಾಚನೇ ಹೆಗಲ ಮೇಲೆ ಹೊತ್ತು ಬೆಳೆಸಿದ್ದ. ಒಬ್ಬ ರಾವುತ ಜ್ವರದಿಂದ ಸತ್ತಾಗ, ಯಾರ ಕೈಗೂ ಬಗ್ಗದ ಅವನ ಕೆಂಗುದುರೆ ಸೋವನ ಕೈಗೆ ಬಗ್ಗಿತೆಂದು ಗೋವರಸ ಅವನನ್ನೇ ಅದರ ಮೇಲೆ ಕೂರಿಸಿದ. ಆ ಮನೆತನದಲ್ಲಿ ಎತ್ತು, ಎಮ್ಮೆ ಬಿಟ್ಟು ಬೇರೆ ಏನನ್ನೂ ಏರಿದವರು ಅವನಿಗಿಂತ ಮುಂಚೆ ಇರಲಿಲ್ಲ. ಮಾಚ ಹೆಮ್ಮೆಯನ್ನು ತೋರಗೊಡಲಿಲ್ಲ. ತಮ್ಮನ ಜೀನಿನ ಪಟ್ಟಿ ಬಿಗಿಯಿದೆಯೇ ಎಂದು ದಿನಕ್ಕೆ ಮೂರು ಸಲ ನೋಡುತ್ತಿದ್ದ, ಅಷ್ಟೇ. ಕಾಳಗದ ಬೆಳಿಗ್ಗೆ ಬಾಗಿಲಿನಿಂದ ಹೊರಡುವಾಗ ಸೋವ ಕುದುರೆ ನಿಲ್ಲಿಸಿದ.

"ಅಣ್ಣ, ಇಲ್ಲಿಂದ ನಿನ್ನ ಬೊಕ್ಕತಲೆ ಚೆನ್ನಾಗಿ ಕಾಣುತ್ತದೆ."

"ಬಿದ್ದಾಗ ಕಾಲೂ ಚೆನ್ನಾಗಿ ಕಾಣುತ್ತದೆ. ಕಲ್ಲು ಮರೆಯಬೇಡ."

"ಬಾಗಿಲಲ್ಲಿ ನೀನಿರುವಾಗ ನನಗೆ ಕಲ್ಲು ಯಾತಕ್ಕಣ್ಣ?"

ಸೋವ ನಗುತ್ತ ಹೇಳಿದ ಮಾತು ಅದು. ಮಾಚ ಅವನನ್ನು ಅಲ್ಲೇ ತಡೆದು ಬಯ್ಯಬೇಕಿತ್ತು. ಆದರೆ ಹಿಂದೆ ಇನ್ನೂರು ಕುದುರೆ ಕಾಯುತ್ತಿದ್ದವು, ತಮ್ಮ ಆ ಎತ್ತರದಲ್ಲಿ ಚೆನ್ನಾಗಿ ಕಾಣುತ್ತಿದ್ದ. ಮಾಚ ಪಕ್ಕಕ್ಕೆ ಸರಿದ.

ಮೊದಲ ಎರಡು ಸಲ ರಾವುತರು ಹೇಳಿದ ಹಾಗೆಯೇ ಬಂದರು. ಕಲ್ಲಿನ ಬಳಿ ಇಳಿದರು, ನಡೆದರು, ಕುದುರೆಗೆ ನೀರು ಕುಡಿಸಿದರು. ಮೂರನೆಯ ಸಲ, ಹೊತ್ತು ನೆತ್ತಿಗೆ ಬಂದಾಗ, ಮೊದಲು ಬಂದದ್ದು ಧೂಳು. ಧೂಳಿನ ಮುಂದೆ ಗೋವರಸ, ಗುರಾಣಿ ಎಸೆದು, ಕುದುರೆಯ ಕತ್ತು ತಬ್ಬಿಕೊಂಡು. ಅವನ ಹಿಂದೆ ಅವನ ರಾವುತರೆಲ್ಲ. ಅವರ ಹಿಂದೆ, ಒಂದು ಈಟಿಯುದ್ದದ ಅಂತರದಲ್ಲಿ, ವೈರಿಗಳು. ಸುಣ್ಣದ ಕಲ್ಲು ಬಂತು, ಹೋಯಿತು, ಒಬ್ಬನೂ ಇಳಿಯಲಿಲ್ಲ. ಎಡಗಡೆ ಕೆಂಗುದುರೆಯ ಮೇಲೆ ಸೋವನಿದ್ದ. ಮನೆಯ ಮುಂದೆ ಬಂದು ಒಳಗಿನವರನ್ನು ಕರೆಯುವವನ ಹಾಗೆ ಒಂದು ಕೈ ಎತ್ತಿದ್ದ. ಮಾಚನ ಎರಡೂ ಪಕ್ಕದ ಈಟಿಯವರು ಹೊರಗೆ ನೋಡುವುದನ್ನು ಬಿಟ್ಟು ಅವನ ಮುಖ ನೋಡಿದರು. ಅವನ ಬೆನ್ನ ಹಿಂದೆ ಸಾವಿರ ಜನ. ಮಾಚ "ಮುಚ್ಚಿ" ಎಂದ. ದೊಡ್ಡ ದನಿಯಲ್ಲೇನೂ ಹೇಳಲಿಲ್ಲ, ಒಂದೇ ಸಲ ಹೇಳಿದ ಎನ್ನುತ್ತಾರೆ. ಸಂದಿನಲ್ಲಿ ಈಟಿಗಳು ಇಳಿದು ನಿಂತವು.

ಕುದುರೆಗಳಿಗೆ ಸವಾರರಿಗಿಂತ ಹೆಚ್ಚು ಬುದ್ಧಿ. ಮೊನೆಗಳನ್ನು ಕಂಡು ನಿಂತುಬಿಟ್ಟವು. ಗೋವರಸನ ಕುದುರೆ ಮುಂಗಾಲೆತ್ತಿ ಅವನನ್ನು ಕೆಡವಿತು. ಏಳುವಷ್ಟರಲ್ಲಿ ವೈರಿಯ ಕತ್ತಿ ಬೆನ್ನಿಗೇ ಬಿತ್ತು. ಮುಂದೆ ಈಟಿ, ಹಿಂದೆ ಕತ್ತಿ. ಉಳಿದ ರಾವುತರಿಗೆ ತಿರುಗಿ ಕಾದುವುದು ಬಿಟ್ಟು ಬೇರೆ ದಾರಿ ಇರಲಿಲ್ಲ, ಹಾಗಾಗಿ ಕಾದಿದರು, ಅಂದು ಬೆಳಗಿನಿಂದ ಕಾದಿದ್ದಕ್ಕಿಂತ ಚೆನ್ನಾಗಿಯೇ. ಕಾಲಾಳುಗಳ ಬಿಲ್ಲುಗಾರರು ಬಂಡೆಯ ಮೇಲಿನಿಂದ ಬಾಣ ಸುರಿದರು. ತೆರೆದ ಬಾಗಿಲನ್ನು ನಂಬಿ ಬಂದಿದ್ದ ವೈರಿಗಳು ಕಂಗೆಟ್ಟರು. ಆ ಗದ್ದಲದಲ್ಲಿ ಸೋವ ಕುದುರೆ ತಿರುಗಿಸಿ, ಎಲ್ಲರೂ ನೋಡುತ್ತಿದ್ದಂತೆ, ಸುಣ್ಣದ ಕಲ್ಲಿನವರೆಗೆ ವಾಪಸು ಹೋದ. ಅಲ್ಲಿ ಇಳಿದ. ಕಡಿವಾಣ ಕೈಯಲ್ಲಿ ಹಿಡಿದು, ಅಣ್ಣನ ಕಡೆಗೆ ಮುಖ ಮಾಡಿ ನಡೆಯತೊಡಗಿದ. ಓಡಲಿಲ್ಲ. ಕಟ್ಟಳೆಯ ಪ್ರಕಾರ ಬಾಗಿಲು ತೆರೆಯಬೇಕಿತ್ತು. ಅವನ ಎರಡೂ ಮಗ್ಗುಲಲ್ಲಿ ವೈರಿಗಳಿದ್ದರು. ಒಬ್ಬನಿಗೆಂದು ತೆರೆದರೆ ಒಳಗೆ ಬರುವವನು ಒಬ್ಬನೇ ಆಗಿರುತ್ತಿರಲಿಲ್ಲ. ಮಾಚ ತೆರೆಯಲಿಲ್ಲ. ಮೂವತ್ತನೆಯ ಹೆಜ್ಜೆಗೆ ಸೋವ ಬಿದ್ದ. ಹೆಜ್ಜೆಗಳನ್ನು ಎಣಿಸಿದ್ದು ಯಾರೆಂದು ಕೇಳುವವರಿಗೆ ಊರಿನಲ್ಲಿ ಯಾರೂ ಉತ್ತರ ಹೇಳುವುದಿಲ್ಲ.

ಇಳಿಹೊತ್ತಿಗೆ ಗೆಲುವು ನಾಡರಸನದಾಗಿತ್ತು. ಗೆಲುವಿಗೆ ಒಂದು ಕತೆ ಬೇಕಾಗಿತ್ತು. ಅರಸನ ಪ್ರಧಾನ ಮಾಚನನ್ನು ಕರೆಸಿ ಆ ಕತೆ ಹೇಳಿದ. ನಾಯಕ ಗೋವರಸ ಬಾಗಿಲ ಬಳಿ ತಾನಾಗಿಯೇ ತಿರುಗಿ ನಿಂತು, ಕಾದಿ ಮಡಿದನೆಂದು ಕಲ್ಲಿನಲ್ಲಿ ಬರೆಸಲಿದ್ದಾರೆ. ಬಾಗಿಲು ಕಾದವನು ನಾಳೆ ದೇವರ ಮುಂದೆ ಹಾಗೆಂದು ಆಣೆಯಿಡಬೇಕು. ಕಾದಿ ಮಡಿದವರ ಮನೆಗೆ ನೆತ್ತರುಗೊಡಗೆ ಸಿಗುತ್ತದೆ, ಅಂದರೆ ಚೆಲ್ಲಿದ ನೆತ್ತರಿಗೆ ಬದಲಾಗಿ ಹೊಲ. ಓಡಿ ಬರುವಾಗ ಸತ್ತವರ ಮನೆಗೆ ಏನೂ ಇಲ್ಲ. ಸೋವನ ಹೆಂಡತಿ ಮಾಳವ್ವೆ ಬಸುರಿ ಎಂಬುದನ್ನು ಪ್ರಧಾನ ವಿಚಾರಿಸಿಕೊಂಡೇ ಕುಳಿತಿದ್ದ.

"ಹಾಗಾದರೆ ಬಾಗಿಲು?" ಎಂದ ಮಾಚ.

"ಮುಚ್ಚಲೇ ಇಲ್ಲ. ಮುಚ್ಚುವ ಪ್ರಸಂಗ ಬರಲಿಲ್ಲ."

"ಕಾಲಾಳುಗಳು ಏನು ಮಾಡುತ್ತಿದ್ದರು ಎಂದು ಬರೆಸುತ್ತೀರಿ?"

ಪ್ರಧಾನ ಸ್ವಲ್ಪ ಯೋಚಿಸಿ, "ನಿಂತಿದ್ದರು," ಎಂದ.

ಮಾಚ ಅಲ್ಲಿಂದ ಮಾಳವ್ವೆಯ ಗುಡಿಸಲಿಗೆ ಹೋದ. ಬಾಗಿಲಿನಲ್ಲಿದ್ದ ಈಟಿಯವರು ಅವನಿಗಿಂತ ಮುಂಚೆ ಹೋಗಿ ಬಂದಿದ್ದರು. ಅವಳು ಹೊಸ್ತಿಲ ಮೇಲೆ ಕುಳಿತಿದ್ದಳು, ಏಳಲಿಲ್ಲ.

"ಅವರು ಇಳಿದರಂತೆ, ಭಾವ."

"ಇಳಿದ."

"ನಡೆದು ಬಂದರಂತೆ."

"ಬಂದ."

ಅವಳು ಮುಂದಿನದನ್ನು ಕೇಳಲಿಲ್ಲ. ಮಾಚ ಪ್ರಧಾನ ಹೇಳಿದ್ದನ್ನೆಲ್ಲ ಹೇಳಿದ. ನಿಜ ಹೇಳಿದರೆ ಸಾವಿರ ಜನರನ್ನು ಉಳಿಸಿದವನು ಎಂಬ ಹೆಸರಾದರೂ ಅವನಿಗೆ ದಕ್ಕುತ್ತಿತ್ತು, ತಮ್ಮನ ಮುಂದೆ ಬಾಗಿಲು ಮುಚ್ಚಿದ್ದಕ್ಕೆ ಒಂದು ಕಾರಣವಿತ್ತು ಎಂದಾದರೂ ಜನ ತಿಳಿಯುತ್ತಿದ್ದರು. ಸುಳ್ಳು ಹೇಳಿದರೆ ಅದೂ ಇಲ್ಲ. ಮಾಳವ್ವೆ ಕೇಳಿ ಮುಗಿಸಿ, "ಹೊಲ ಬೇಕು, ಭಾವ," ಎಂದಳು. "ಹುಟ್ಟುವ ಕೂಸಿಗೆ ಹೊಲ ಬೇಕು. ನಿಮ್ಮ ಮಾತು ಬೇಡ." ಆಮೇಲೆ ಅವಳು ಅವನೊಡನೆ ಮಾತಾಡಿದ್ದನ್ನು ಯಾರೂ ಕಾಣಲಿಲ್ಲ.

ಮರುದಿನ ಮಾಚ ಆಣೆಯಿಟ್ಟ. ನಾಯಕರು ತಾವಾಗಿ ತಿರುಗಿ ಕಾದಿದರು. ಸತ್ತ ರಾವುತರೆಲ್ಲ ಹಾಗೆಯೇ ಕಾದಿ ಮಡಿದರು. "ಮತ್ತೆ ನೀವು?" ಎಂದು ಅರಸ ಸುಮ್ಮನೆ ಕೇಳಿದ. "ನಾವು ನಿಂತಿದ್ದೆವು ಒಡೆಯ," ಎಂದ ಮಾಚ. ಹಿಂದೆ ನೆರೆದಿದ್ದ ಕಾಲಾಳುಗಳು ಕೆಮ್ಮಲೂ ಇಲ್ಲ. ಅರಸ ಸಂತೋಷಪಟ್ಟು ಏನಾದರೂ ಕೇಳು ಎಂದ. ಆ ಸುಣ್ಣದ ಕಲ್ಲನ್ನು ಅಲ್ಲೇ ಬಿಡಬೇಕು, ಏರಿ ಬಂದವರು ಯಾರೇ ಆಗಲಿ ಅಲ್ಲಿ ಇಳಿದು ನಡೆದು ಬರಬೇಕು, ಬಾಗಿಲನ್ನು ಇನ್ನು ಯಾವ ಕಾಲಕ್ಕೂ ಯಾರೂ ಮುಚ್ಚಬಾರದು ಎಂದು ಮಾಚ ಕೇಳಿದ. ತನ್ನ ಮೈದುನನಿಗೆ ಇಷ್ಟು ಗೌರವವೇ ಎಂದು ಅರಸ ಕಣ್ಣೊರೆಸಿಕೊಂಡನಂತೆ. ಬೊಕ್ಕಸಕ್ಕೆ ಹೊರೆಯಲ್ಲದ ಬೇಡಿಕೆ, ಕೂಡಲೇ ಒಪ್ಪಿದ. ಸಾಯುವವರೆಗೂ ಮಾಚ ಆ ಸಂದಿನಲ್ಲೇ ನಿಂತು, ನಡೆದು ಬಂದ ಪ್ರತಿಯೊಬ್ಬನಿಗೂ ಪಕ್ಕಕ್ಕೆ ಸರಿದು ದಾರಿ ಬಿಡುತ್ತಿದ್ದ ಎಂದೂ ಹೇಳುತ್ತಾರೆ. ಇಂಥವನ್ನು ಹಾಡುವವರು ಸೇರಿಸುತ್ತಾರೆ, ನಂಬಲೇಬೇಕೆಂದಿಲ್ಲ.

ಈಗ ಅಲ್ಲಿಗೆ ಹೋದವರು ಗುಡ್ಡ ಹತ್ತಿ ಗೋವರಸನ ಪಕ್ಕ ನಿಂತು ಫೋಟೊ ತೆಗೆಸಿಕೊಳ್ಳುತ್ತಾರೆ. ಕೆಳಗಿನ ಪಟ್ಟಿಕೆಯ ಎಡಮೂಲೆಯಲ್ಲಿ, ಅವನ ಕುದುರೆಯ ಬಾಲದ ಹಿಂದೆ, ಗೇಣುದ್ದದ ಇನ್ನೊಂದು ಆಕೃತಿಯಿದೆ. ಫಲಕದಲ್ಲಿ ಅದನ್ನು 'ಸೇವಕ' ಎಂದು ಬರೆದಿದ್ದಾರೆ. ಬಗ್ಗಿ ನೋಡಿದರೆ ಅವನ ಕೈಯಲ್ಲಿ ಕಡಿವಾಣ, ಹಿಂದೆ ಒಂದು ಕುದುರೆ, ಒಂದು ಕಾಲು ಮುಂದಕ್ಕೆ. ಶಿಲ್ಪಿಗೆ ಯಾರೋ ನಡೆದದ್ದನ್ನು ಹೇಳಿರಬೇಕು. ಕೆಳಗೆ ಊರಿನವರು ಎಂದಿನಂತೆ ಸುಣ್ಣದ ಕಲ್ಲಿನ ಬಳಿ ಇಳಿದು, ಗಾಡಿ ತಳ್ಳಿಕೊಂಡು, ಗೊಣಗಿಕೊಂಡು ನಡೆಯುತ್ತಾರೆ. ಎಷ್ಟೇ ಅವಸರವಿದ್ದರೂ ಮೂವತ್ತು ಹೆಜ್ಜೆಯ ನಂತರದ ಎಪ್ಪತ್ತನ್ನು ಯಾರೂ ಓಡಿ ಮುಗಿಸುವುದಿಲ್ಲ. ಸುತ್ತಲ ಹೊಲದವರು ತಂತಿಬೇಲಿ ಹಾಕಿದ್ದಾರೆ, ಆ ಸಂದನ್ನು ಮಾತ್ರ ಬಿಟ್ಟಿದ್ದಾರೆ. ಬಾಗಿಲು ತೆರೆದೇ ಇದೆ. ಒಳಗೆ ಈಗ ಕಾಯುವಂಥದ್ದು ಏನೂ ಇಲ್ಲ.