ಬೀಸುಕಲ್ಲಿನ ಸೊಲ್ಲು

ಸ್ವಾತಂತ್ರ್ಯದ ಹಾಡು ಯಾರ ಬಾಯಲ್ಲಿ ಬಂದರೂ ಬೇಡಿ ಹಾಕಿ ಎಂದು ಬ್ರಿಟಿಷ್ ಸರ್ಕಾರದ ಹುಕುಂ ಆಗಿತ್ತು. ಬೀಸುವ ಪದದ ಧಾಟಿಗೆ ಆ ಹಾಡು ಕಟ್ಟಿ ಊರಿಗೆಲ್ಲ ಕಲಿಸಿದ್ದ ಗುರಬಸವ್ವ ಲಾಠಿ ಏಟಿಗೆ ಸತ್ತಿದ್ದಳು. ಆದರೂ ನಸುಕಿನಲ್ಲಿ ಅವಳ ಮನೆಯಿಂದ ಹಾಡು ಕೇಳಿಸುತ್ತಿತ್ತು.

ಫೌಜದಾರ ಪೊಲೀಸರೊಂದಿಗೆ ಬಂದು ಬಾಗಿಲು ದೂಡಿದ. ಒಳಗೆ ಸೊಸೆ ನೀಲವ್ವ ಒಬ್ಬಳೇ ಜೋಳ ಬೀಸುತ್ತಿದ್ದಳು.

"ಹಾಡಿದ್ದು ಯಾರು?"

"ನಾ ಬಾಯಿ ತಗದಿಲ್ರಿ ಸಾಹೇಬ್ರ. ಬೀಸ್ತೀನಿ, ನೀವ ನೋಡ್ರಿ" ಎಂದು ತುಟಿ ಬಿಗಿದು ಕಲ್ಲು ತಿರುಗಿಸಿದಳು.

ಕಲ್ಲು ಗರಗರ ಎಂದಿತು. ಹಾಡು ಎದ್ದಿತು. ಫೌಜದಾರ ಕಂದೀಲು ಹಿಡಿದು ಮೂಲೆಮೂಲೆ ಹುಡುಕಿದ, ಯಾರೂ ಇಲ್ಲ. ಹಾಡು ಅವನ ಬೆನ್ನ ಹಿಂದಿನಿಂದ ಬರುತ್ತಿತ್ತು. ತಿರುಗಿದರೆ, ಅವನದೇ ಪೊಲೀಸರು! ಕಣ್ಣು ಅರೆಮುಚ್ಚಿ ನಿಂತಿದ್ದರು. ತುಟಿಗಳು ಅಲುಗುತ್ತಿದ್ದವು.

"ಅವ್ವನ ತೊಡಿಮ್ಯಾಗ ಮಲಗಿ ಕೇಳಿದ ಧಾಟಿ ನೋಡ್ರಿ" ಎಂದಳು ನೀಲವ್ವ. "ಕಲ್ಲು ತಿರುಗಿದ್ರ ಬಾಯಿ ತಾನ ತೆರೀತೈತಿ."

"ಬಾಯಿ ಮುಚ್ಚಿ ಎಲ್ಲರೂ!" ಫೌಜದಾರ ಕಿರುಚಿದ.

ಪೊಲೀಸರು ಬಾಯಿ ಮುಚ್ಚಿದರು. ನೀಲವ್ವ ಕಲ್ಲು ನಿಲ್ಲಿಸಿದಳು. ಹಾಡು ಮಾತ್ರ ನಿಲ್ಲಲಿಲ್ಲ.

ಫೌಜದಾರ ಮೆಲ್ಲಗೆ ತನ್ನ ತುಟಿಗಳನ್ನು ಮುಟ್ಟಿ ನೋಡಿಕೊಂಡ. ಅಲುಗುತ್ತಿದ್ದವು.

"ನಿಮ್ಮ ಅವ್ವಾರೂ ಬೀಸ್ತಿದ್ರೇನ್ರಿ, ಸಾಹೇಬ್ರ?" ಎಂದಳು ನೀಲವ್ವ. "ಈಗ ಬೇಡಿ ಯಾರಿಗ ಹಾಕೂಣು?"