ಜೇನು ಬಾಗಿಲಲ್ಲೇ ಮೂಸಿ ನೋಡುವುದು ಯಾಕೆ

ಬೆಟ್ಟಗಳಿಗೆ ಆಗಿನ್ನೂ ಯಾರೂ ಹೆಸರಿಟ್ಟಿರಲಿಲ್ಲ. ಯಾವ ಕಡೆ ಹರಿಯಬೇಕು ಅನ್ನುವುದು ಹೊಳೆಗಳಿಗೇ ಸರಿಯಾಗಿ ಗೊತ್ತಿರಲಿಲ್ಲ. ಬೆಳಗ್ಗೆ ಒಂದು ಕಡೆ ಹರಿದು, ಸಂಜೆ "ಅಯ್ಯೋ, ದಾರಿ ತಪ್ಪಿಬಿಟ್ಟೆ" ಅಂತ ತಿರುಗಿ ಬರುತ್ತಿದ್ದವು. ಲೋಕ ಅಷ್ಟು ಹೊಸದಾಗಿದ್ದ ಕಾಲದ ಕತೆ ಇದು.

ಆಗ ಒಂದು ಹುಣಸೆಮರ ಇತ್ತು. ಅದರ ಪೊಟರೆಯಲ್ಲಿ ಒಂದು ಜೇನುಗೂಡು. ಆ ಗೂಡಿನ ರಾಣಿಯ ಹೆಸರು ರಾಣಮ್ಮ. ಬಲು ಒಳ್ಳೆಯವಳು. ಸ್ವಲ್ಪ ಅತಿಯಾಗಿಯೇ ಒಳ್ಳೆಯವಳು, ಮುಂದೆ ನಿಮಗೇ ಗೊತ್ತಾಗುತ್ತೆ.

ರಾಣಮ್ಮನ ಮನೆಯಲ್ಲಿ ಒಂದು ಪದ್ಧತಿ. ಬಾಗಿಲಿಗೆ ಯಾರೇ ಬರಲಿ, ಮೊದಲು ಬಾಯಿಗೊಂದು ತೊಟ್ಟು ಜೇನುತುಪ್ಪ. ಆಮೇಲೆ ಮಾತು. ತೊಟ್ಟು ಕೊಡುವ ಮೊದಲೇ "ಯಾರಮ್ಮ ನೀನು?" ಅಂತ ಕೇಳಿದರೆ ಇಡೀ ಮನೆಗೇ ಮಾನಗೇಡು. ಬಂದವರು ನೆಂಟರಾದರೂ ಸರಿ, ದಾರಿ ತಪ್ಪಿದವರಾದರೂ ಸರಿ. ಮೊದಲು ತೊಟ್ಟು, ಆಮೇಲೆ ಮಾತು.

ಆ ಮನೆಯಲ್ಲಿ ಎಲ್ಲರಿಗಿಂತ ಹಿರಿಯಳು ಗುಯ್ಯಕ್ಕ. ಹೂವಿಂದ ಮನೆಗೆ, ಮನೆಯಿಂದ ಹೂವಿಗೆ ಹಾರಿ ಹಾರಿ ಅವಳ ಬೆನ್ನಿನ ಕೂದಲೆಲ್ಲ ಸವೆದು ಹೋಗಿತ್ತು. ಬೋಳು ಬೆನ್ನು ಬಿಸಿಲಲ್ಲಿ ಮಿರಮಿರ ಮಿಂಚುತ್ತಿತ್ತು. ಬಾಯಿ ಮಾತ್ರ ಸವೆದಿರಲಿಲ್ಲ. ಬೆಳಗಾದರೆ ಸಾಕು, "ಎದ್ದೇಳ್ರೇ, ಹೂವು ನಿಮ್ಮ ಮನೆಬಾಗಿಲಿಗೆ ನಡೆದು ಬರುತ್ತಾ?" ಅಂತ ಗುಯ್ಯ್ ಗುಯ್ಯ್ ಗೊಣಗುತ್ತಿದ್ದಳು.

ಒಂದು ದಿನ ಬಾಗಿಲಿಗೆ ಒಬ್ಬಳು ಬಂದಳು. ಕಣ್ಣು, ರೆಕ್ಕೆ, ಸೊಂಟದ ಪಟ್ಟೆ, ಎಲ್ಲ ಇವರ ಹಾಗೇ. ಬೆನ್ನು ಮಾತ್ರ ಎಣ್ಣೆ ಸವರಿದ ಹಾಗೆ ಹೊಳೆಯುತ್ತಿತ್ತು. ಬಾಗಿಲ ಹುಡುಗಿಯರು ತೊಟ್ಟು ಕೊಟ್ಟರು. ಚಪ್ಪರಿಸಿ ಕುಡಿದಳು.

"ಯಾರಮ್ಮ?"

"ಗೊತ್ತಾಗ್ಲಿಲ್ವಾ? ನಿಮ್ಮ ದೊಡ್ಡಮ್ಮನ ಮಗಳು ಕಣ್ರೇ!"

ಯಾವ ದೊಡ್ಡಮ್ಮ ಅಂತ ಯಾರೂ ಕೇಳಲಿಲ್ಲ. ಒಳಗೆ ಕರೆದರು. ಮಾರನೆಯ ದಿನ ಇನ್ನೊಬ್ಬಳು ದೊಡ್ಡಮ್ಮನ ಮಗಳು. ಅದರ ಮಾರನೆಯ ದಿನ ಹತ್ತು ಜನ. ದೊಡ್ಡಮ್ಮ ಪಾಪ ಎಷ್ಟು ಹೆತ್ತಿದ್ದಳೋ!

ದೊಡ್ಡಮ್ಮನ ಮಕ್ಕಳು ಹೂವಿಗೆ ಹೋಗಲಿಲ್ಲ. ಕಸ ಗುಡಿಸಲಿಲ್ಲ. ರೆಕ್ಕೆ ಬಡಿದು ಗೂಡಿಗೆ ಗಾಳಿ ಬೀಸಲಿಲ್ಲ. ಉಂಡರು, ಮಲಗಿದರು, ಎದ್ದರು, ಮತ್ತೆ ಉಂಡರು. ಗುಯ್ಯಕ್ಕನಿಗೆ ಮೈಯೆಲ್ಲ ಉರಿಯಿತು. ಆದರೂ ನೆಂಟರಲ್ಲವೇ ಅಂತ ಬಾಯಿ ಬಿಗಿಹಿಡಿದಳು. ಅವಳು ಬಾಯಿ ಬಿಗಿಹಿಡಿದದ್ದು ಅದೇ ಮೊದಲು.

ಒಂದು ಬೆಳಗ್ಗೆ ಅವಳು ಮರಿಗಳ ಕೋಣೆಗಳನ್ನು ಇಣುಕಿ ನೋಡಿದಳು. ರಾಣಮ್ಮ ಒಂದು ಕೋಣೆಗೆ ಒಂದೇ ಮೊಟ್ಟೆ ಇಡುವವಳು. ಇಲ್ಲಿ ನೋಡಿದರೆ ಒಂದರಲ್ಲಿ ಎರಡು, ಒಂದರಲ್ಲಿ ಮೂರು!

"ರಾಣಮ್ಮ, ಇದು ನಿನ್ನ ಕೆಲಸವಾ?"

ರಾಣಮ್ಮ ಬಂದು ನೋಡಿ ಕಂಗಾಲಾದಳು. "ನನ್ನದಲ್ಲ ಕಣೇ. ನನ್ನ ಮನೆಯಲ್ಲಿ ಬೇರೆ ಯಾರೋ ಕದ್ದು ಮೊಟ್ಟೆ ಇಡ್ತಿದಾರೆ. ನನ್ನ ಮಕ್ಕಳ ಊಟ ಅವರ ಮಕ್ಕಳಿಗೆ ಹೋಗ್ತಿದೆ."

ಆಗ ಎಲ್ಲರಿಗೂ ಅರ್ಥವಾಯಿತು. ಬಂದವರು ನೆಂಟರಲ್ಲ, ಮನೆ ನುಂಗುವವರು. ಆದರೆ ಹಿಡಿಯುವುದು ಹೇಗೆ? ಎಲ್ಲರೂ ನೋಡಲು ಒಂದೇ ಥರ.

"ಬೆನ್ನು ನೋಡಿ!" ಅಂತ ಒಬ್ಬ ಚೂಟಿ ಹುಡುಗಿ ಕೂಗಿದಳು. "ಅವರ ಬೆನ್ನು ಮಿಂಚುತ್ತೆ. ಮಿಂಚುವವರನ್ನೆಲ್ಲ ಹೊರಗೆ ಹಾಕಿ!"

ಹಾಕಿದರು. ಎಳೆದೆಳೆದು ಹಾಕಿದರು. ಅಯ್ಯೋ, ಬೆನ್ನು ಮಿಂಚುವುದು ಇನ್ನು ಯಾರದ್ದು ಹೇಳಿ? ಗುಯ್ಯಕ್ಕನದ್ದು!

"ನಾನು ಕಣ್ರೇ, ನಿಮ್ಮ ಗುಯ್ಯಕ್ಕ! ನಿಮಗೆ ಕೂಳು ಹೊತ್ತೂ ಹೊತ್ತೂ ಬೋಳಾದ ಬೆನ್ನು ಇದು!"

ಯಾರು ಕೇಳುತ್ತಾರೆ? ಆರು ಜನ ಸೇರಿ ಕಾಲು ಹಿಡಿದು ದಬ್ಬಿದರು. ಅವಳೇ ತುತ್ತು ಕೊಟ್ಟು ಸಾಕಿದ ಮಕ್ಕಳು. ಗುಯ್ಯಕ್ಕ ಹೋಗಿ ಒಂದು ಕೊಂಬೆಯ ಮೇಲೆ ಕೂತು ಗಳಗಳ ಅತ್ತಳು. ಗೊಣಗುವುದಕ್ಕೂ ಅವಳಲ್ಲಿ ಶಕ್ತಿ ಉಳಿದಿರಲಿಲ್ಲ.

ಅತ್ತು ಸಾಕಾದ ಮೇಲೆ ಬಾಗಿಲ ಕಡೆ ನೋಡಿದಳು. ಅದೇ ಹೊತ್ತಿಗೆ ಇನ್ನೊಬ್ಬಳು ದೊಡ್ಡಮ್ಮನ ಮಗಳು ಹಾರಿ ಬಂದಳು. ಜಾಣೆ, ಬೆನ್ನಿಗೆ ಹೂವಿನ ಪುಡಿ ಬಳಿದುಕೊಂಡು ಬಂದಿದ್ದಳು. ಗುಯ್ಯಕ್ಕನ ಪಕ್ಕದಿಂದಲೇ ಹೋದಳು. ಗುಪ್ಪಂತ ಕೇದಿಗೆಯ ವಾಸನೆ ಬಡಿಯಿತು.

"ಕೇದಿಗೆಯಾ? ಈ ಸುತ್ತಿನಲ್ಲಿ ಕೇದಿಗೆಯೇ ಇಲ್ಲವಲ್ಲ!"

ಬಾಗಿಲಲ್ಲಿ ತೊಟ್ಟು ಕೊಟ್ಟರು, ಅವಳು ಕುಡಿದಳು, ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ಹೊಟ್ಟೆ ಸವರಿಕೊಳ್ಳುತ್ತಾ ಬಿಸಿಲಿಗೆ ಬಂದು ಕೂತಳು. ಗುಯ್ಯಕ್ಕ ಮೆಲ್ಲಗೆ ಹತ್ತಿರ ಹೋಗಿ ಮೂಸಿದಳು. ಕೇದಿಗೆ ಮಾಯ! ಈಗ ಮನೆಯದೇ ವಾಸನೆ, ಹುಳಿಹುಳಿ ಹುಣಸೆಹೂವಿನ ಘಮ.

ಗುಯ್ಯಕ್ಕ ಕೊಂಬೆಯಿಂದ ಬೀಳುವುದೊಂದು ಬಾಕಿ. "ಅಯ್ಯೋ ನಮ್ಮ ಬುದ್ಧಿಗಿಷ್ಟು! ನಮ್ಮ ತುಪ್ಪ ಕುಡಿದರೆ ನಮ್ಮ ವಾಸನೆ ಬರದೆ ಇನ್ನೇನು? ಕಳ್ಳಿಯ ಮೈ ನಾವೇ ತೊಳೆದು, ನಮ್ಮ ಸೀರೆ ನಾವೇ ಉಡಿಸಿ ಒಳಗೆ ಕರೀತಿದೀವಲ್ಲ!"

ಆಗ ಗಾಳಿ ಬಂತು. ಗುಯ್ಯಕ್ಕ ಅದನ್ನೇ ತಡೆದು ನಿಲ್ಲಿಸಿದಳು.

"ಏ ಗಾಳಿರಾಯ, ಈ ಕೇದಿಗೆಯವರನ್ನು ಹೊತ್ತು ತಂದವನು ನೀನೇನಾ?"

ಗಾಳಿಗೆ ಸಿಟ್ಟು ಬಂತು. "ಕೇದಿಗೆ ಬೆಳೆಯೋದು ಕಡಲ ದಂಡೇಲಿ. ಅಷ್ಟು ದೂರದಿಂದ ವಾಸನೆ ತಂದೇನು, ಜೇನು ಎಲ್ಲಿ ತರಲಿ? ನನ್ನನ್ನು ಕೇಳ್ತೀಯಲ್ಲ, ಮೊದಲು ನಿಮ್ಮ ಮರದ ಬುಡ ನೋಡು."

ನೋಡಿದಳು. ಬುಡದಲ್ಲಿ ಕತ್ತೆಯ ಲದ್ದಿ. ಇನ್ನೂ ಹಸಿ.

ಏನೋ ಹೊಳೆಯಿತು. ಕಡಲ ಕಡೆಗೆ ಹಾರಿದಳು. ದಾರಿಯಲ್ಲಿ ಇಪ್ಪೆಮರ ಸಿಕ್ಕಿತು. ಅದರ ಬುಡದಲ್ಲೂ ಲದ್ದಿ, ಅರ್ಧ ಒಣಗಿತ್ತು. ಮರದ ಗೂಡಿನಲ್ಲಿ ಅರ್ಧ ಜನ ದೊಡ್ಡಮ್ಮನ ಮಕ್ಕಳು. ಇನ್ನೂ ಮುಂದೆ ಹೋದಳು. ಹೊಂಗೆಮರದ ಬುಡದಲ್ಲೂ ಲದ್ದಿ, ಪೂರ್ತಿ ಒಣಗಿ ಪುಡಿಯಾಗಿತ್ತು. ಅಲ್ಲಿನ ಗೂಡಿನಲ್ಲಿ ಒಂದು ತೊಟ್ಟು ತುಪ್ಪವಿಲ್ಲ, ಒಂದು ಮರಿಯಿಲ್ಲ. ಹೊಂಗೆಯ ರಾಣಿ ಸತ್ತು ಎಷ್ಟೋ ದಿನವಾಗಿತ್ತು. ಗೂಡು ಖಾಲಿಯಾದ ಮೇಲೆ ದೊಡ್ಡಮ್ಮನ ಮಕ್ಕಳೂ ಜಾಗ ಬಿಟ್ಟಿದ್ದರು.

"ನಾಳೆ ನಮ್ಮ ಮನೆಯೂ ಹೀಗೇ ಆಗುತ್ತೆ" ಅಂದುಕೊಂಡು ಗುಯ್ಯಕ್ಕ ಅಲ್ಲಿಂದಲೇ ಮನೆಯ ಕಡೆ ಹೊರಳಿದಳು.

ತಿರುಗಿ ಬರುವಾಗ ಆ ಕತ್ತೆಯೇ ಸಿಕ್ಕಿತು. ಹುಣಸೆಮರದಿಂದ ಸ್ವಲ್ಪ ಮುಂದೆ ಮೇಯುತ್ತಿತ್ತು. ಬೆನ್ನ ಮೇಲೆ ಎರಡು ಮಡಕೆ, ಮಡಕೆಯ ತುಂಬ ಗುಯ್ ಗುಯ್.

"ಕತ್ತೆಯಣ್ಣ, ಏನಪ್ಪಾ ಇದು?"

"ನನ್ನ ಯಜಮಾನ ಬೊಪ್ಪಣ್ಣನ ಜೇನು ಕಣಕ್ಕ. ಕಡಲ ಹತ್ತಿರ ಹಿಡಿದು ಮಡಕೇಲಿ ಸಾಕಿದಾನೆ. ಹೂವು ಅರಳಿದ ಕಡೆಗೆಲ್ಲ ಹೊತ್ಕೊಂಡು ಹೋಗ್ತೀನಿ. ನೆರಳು ಕಂಡಲ್ಲಿ ನಿಲ್ತೀನಿ. ನಿಂತಲ್ಲಿ ನಾಲ್ಕು ಜನ ಇಳಿದು ಹೋಗ್ತಾರೆ. ಅವರು ಎಲ್ಲಿಗೆ ಹೋಗ್ತಾರೆ ಅಂತ ನಾನ್ಯಾಕೆ ಕೇಳಲಿ? ನನ್ನ ಭಾರ ಅಷ್ಟು ಕಮ್ಮಿಯಾಯ್ತಲ್ಲ."

"ಮುಂದೆ ನಿಲ್ಲೋದು ಎಲ್ಲಿ?"

"ನೇರಳೆಮರದ ಕೆಳಗೆ."

ಗುಯ್ಯಕ್ಕ ಬಾಣ ಬಿಟ್ಟ ಹಾಗೆ ಮನೆಗೆ ಹಾರಿದಳು. ಬಾಗಿಲಲ್ಲಿ ಹುಡುಗಿಯರು ಅಡ್ಡ ನಿಂತರು. "ಮಿಂಚುಬೆನ್ನಿ, ಹೋಗಾಚೆ!"

"ಕುಟುಕಬೇಕು ಅಂದ್ರೆ ಆಮೇಲೆ ಕುಟುಕ್ರೇ. ಮೊದಲು ರಾಣಮ್ಮನ್ನ ಕರೀರಿ. ಬೆಳಗ್ಗೆಯಿಂದ ನಿಮ್ಮ ಮನೆಯ ಒಂದು ತೊಟ್ಟೂ ನನ್ನ ಬಾಯಿಗೆ ಬಿದ್ದಿಲ್ಲ. ಈಗ ಕಣ್ಣು ಮುಚ್ಚಿಕೊಂಡು ನನ್ನನ್ನು ಮೂಸಿ."

ರಾಣಮ್ಮ ಬಂದಳು. ಕಣ್ಣು ಮುಚ್ಚಿದಳು. ತನ್ನ ಹಣೆಯ ಮೇಲಿನ ಕುಡಿಮೀಸೆಯನ್ನು ಗುಯ್ಯಕ್ಕನ ಹಣೆಗೆ ಮುಟ್ಟಿಸಿದಳು; ಜೇನಿಗೆ ಮೂಗೆಂದರೆ ಅದೇ. ಹುಣಸೆಹೂವು, ಹಳೆಯ ಮೇಣ, ತೊಟ್ಟಿಲ ಕೋಣೆಯ ಬಿಸುಪು. ರಾಣಮ್ಮ ಗುಯ್ಯಕ್ಕನನ್ನು ತಬ್ಬಿಕೊಂಡು ಅತ್ತುಬಿಟ್ಟಳು.

"ನನ್ನ ಗುಯ್ಯೀ! ನಿನ್ನನ್ನೇ ಹೊರಗೆ ಹಾಕಿದೆವಲ್ಲೇ!"

"ಅಳೋದು ಆಮೇಲೆ ರಾಣಮ್ಮ. ಇನ್ನೊಬ್ಬಳು ಬರ್ತಿದಾಳೆ ನೋಡು. ಅವಳಿಗೆ ತೊಟ್ಟು ಕೊಡಬೇಡ. ಮೊದಲು ಮೂಸು."

ರಾಣಮ್ಮ ತಡವರಿಸಿದಳು. ಬಂದವರನ್ನು ತೊಟ್ಟು ಕೊಡದೆ ನಿಲ್ಲಿಸುವುದೇ? ಅವಳ ತಾಯಿ ಮಾಡಿರಲಿಲ್ಲ, ಅಜ್ಜಿ ಮಾಡಿರಲಿಲ್ಲ. ಆದರೂ ಮೂಸಿದಳು. ಗುಪ್ಪಂತ ಕೇದಿಗೆ!

"ನಾನು ನಿಮ್ಮ ದೊಡ್ಡಮ್ಮನ..." ಅಂತ ಅವಳು ಶುರುಮಾಡಿದಳು.

"ನನಗೆ ದೊಡ್ಡಮ್ಮನೇ ಇಲ್ಲ!" ಅಂದಳು ರಾಣಮ್ಮ. ನೋಡಿ, ಇಷ್ಟು ದಿನ ಅದು ಅವಳಿಗೆ ನೆನಪೇ ಆಗಿರಲಿಲ್ಲ.

ಬೆನ್ನಿಗೆ ಪುಡಿ ಬಳಿದುಕೊಂಡು ಆಗಲೇ ಒಳಗೆ ಸೇರಿಕೊಂಡವರದ್ದೇನು ಗತಿ? ಗುಯ್ಯಕ್ಕ ಅದಕ್ಕೂ ಉಪಾಯ ಹೇಳಿದಳು. ಮೂರು ದಿನ ಯಾರೂ ಯಾರ ಬಾಯಿಗೂ ತೊಟ್ಟು ಇಡಬಾರದು. ತುಪ್ಪದ ಕೋಣೆಗೆ ಕಾವಲು. ಹೂವಿಗೆ ಹೋಗಿ ತಂದವರಿಗೆ ಮಾತ್ರ ಊಟ. ಮೊದಲ ದಿನ ದೊಡ್ಡಮ್ಮನ ಮಕ್ಕಳು ಮುಖ ಊದಿಸಿದರು. ಎರಡನೆಯ ದಿನ ಹೊಟ್ಟೆ ಹಿಡಿದುಕೊಂಡರು. ಮೂರನೆಯ ದಿನ ಕುಡಿದ ತುಪ್ಪದ ವಾಸನೆಯೆಲ್ಲ ಇಳಿದು, ಮೈಯಿಂದ ಕೇದಿಗೆ ಗಮ್ಮೆಂದಿತು. ಇನ್ನು ಹಿಡಿಯುವುದೇನು ಕಷ್ಟ? ಬಾಗಿಲು ತೋರಿಸಿದರು. ಗುಯ್ಯಕ್ಕನ ಹಾಗೇ ಬೋಳು ಬೆನ್ನಿನ ದೆಸೆಯಿಂದ ಹೊರಗೆ ಬಿದ್ದಿದ್ದ ಮನೆಯ ಹಿರಿಯರನ್ನೆಲ್ಲ ಕ್ಷಮೆ ಕೇಳಿ ಒಳಗೆ ಕರೆದುಕೊಂಡರು.

ಗುಯ್ಯಕ್ಕ ಕೂರಲಿಲ್ಲ. ನೇರಳೆಮರಕ್ಕೆ ಹಾರಿದಳು. "ಕತ್ತೆ ಬಂದಿದೆ, ಜೋಕೆ! ಮೊದಲು ಮೂಸಿ, ಆಮೇಲೆ ತೊಟ್ಟು ಕೊಡಿ." ಅಲ್ಲಿಂದ ಅತ್ತಿಮರಕ್ಕೆ, ಅತ್ತಿಯಿಂದ ಬೇವಿಗೆ. ಕತ್ತೆ ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ ಇವಳ ಸುದ್ದಿ ನಾಲ್ಕು ಮರ ದಾಟಿರುತ್ತಿತ್ತು. ದೊಡ್ಡಮ್ಮನ ಮಕ್ಕಳಿಗೆ ಎಲ್ಲಿ ಹೋದರೂ ಬಾಗಿಲಲ್ಲೇ ಮೂಗು! ಸೋತು ಸುಣ್ಣವಾಗಿ ಬೊಪ್ಪಣ್ಣನ ಮಡಕೆಗೇ ವಾಪಸು ಹತ್ತಿದರು. ಕತ್ತೆಗೆ ಮಾತ್ರ ಅದು ಸ್ವಲ್ಪವೂ ಹಿಡಿಸಲಿಲ್ಲ.

ಸುತ್ತಿ ಸುತ್ತಿ ಗುಯ್ಯಕ್ಕ ಮನೆಗೆ ಬಂದಾಗ ಬಿಸಿಲು ಇಳಿಯುತ್ತಿತ್ತು. ಬೆನ್ನು ಮೊದಲಿಗಿಂತ ಬೋಳು, ಮೊದಲಿಗಿಂತ ಹೊಳಪು. ಬಾಗಿಲಲ್ಲಿ ಆ ದಿನವಷ್ಟೇ ಕಾವಲಿಗೆ ನಿಂತ ಪುಟಾಣಿಯೊಬ್ಬಳು. ಗುಯ್ಯಕ್ಕನನ್ನು ಕಂಡವಳೇ ಅಲ್ಲ.

"ನಿಲ್ಲು!" ಅಂದಳು ಪುಟಾಣಿ.

ಗುಯ್ಯಕ್ಕ ನಿಂತಳು. ಗೊಣಗಲಿಲ್ಲ. ಹಣೆ ಮುಂದೆ ಚಾಚಿದಳು. ಪುಟಾಣಿ ಬೆನ್ನ ಕಡೆ ಕಣ್ಣೇ ಹಾಯಿಸಲಿಲ್ಲ. ಕುಡಿಮೀಸೆ ಮುಟ್ಟಿಸಿ ಒಂದು ಸಲ ಮೂಸಿದಳು, ಸಂಶಯವಾಗಿ ಇನ್ನೊಂದು ಸಲ ಮೂಸಿದಳು.

"ನಮ್ಮ ಮನೆಯವಳೇ. ಬಾ ಅಜ್ಜಿ ಒಳಗೆ, ದಣಿದಿದೀಯ" ಅಂತ ಬಾಯಿಗೆ ಒಂದು ತೊಟ್ಟು ಇಟ್ಟಳು. ಗುಯ್ಯಕ್ಕನ ಕಣ್ಣು ತುಂಬಿ ಬಂತು.

ಅದಕ್ಕೇ ಮಕ್ಕಳೇ, ಇವತ್ತಿಗೂ ಜೇನುಗೂಡಿನ ಬಾಗಿಲಲ್ಲಿ ಒಂದು ಜೇನು ಇನ್ನೊಂದನ್ನು ತಡೆದು, ಹಣೆಗೆ ಹಣೆ ತಂದು, ಕುಡಿಮೀಸೆ ಆಡಿಸಿ ಮೂಸಿ ನೋಡಿ, ಆಮೇಲಷ್ಟೇ ಒಳಗೆ ಬಿಡುತ್ತದೆ.